ಶಂಬಾ ಜೋಶಿಯವರ ಸ್ಥಳನಾಮ ವಿಚಾರ ಮತ್ತು ಗಡಿನಾಡಿನ ನಾವು

ಕನ್ನಡ ವಿದ್ವಾಂಸರ ಪೈಕಿ ಶಂಬಾ ಜೋಶಿಯವರಷ್ಟು ಮೆಚ್ಚುಗೆಯನ್ನೂ ಅಷ್ಟೇ ಅನುಮಾನವನ್ನೂ ಒಟ್ಟಿಗೆ ಪಡೆದವರು ವಿರಳ. ಶಂಕರ ಬಾಳದೀಕ್ಷಿತ ಜೋಶಿ ಎಂಬುದು ಅವರ ಪೂರ್ಣ ಹೆಸರು. 1896ರ ಜನವರಿ 4ರಂದು ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನಲ್ಲಿ ಜನಿಸಿದ ಅವರು ಪ್ರಾಥಮಿಕ ಶಾಲೆಯ ಶಿಕ್ಷಕರಾಗಿ ದುಡಿಮೆಯನ್ನಾರಂಭಿಸಿ, ಮುಂದೆ ಧಾರವಾಡದ ಪ್ರೌಢಶಾಲೆಯಲ್ಲಿ ಕನ್ನಡ ಕಲಿಸಿದರು. ವಿಶ್ವವಿದ್ಯಾಲಯದಲ್ಲಿ ಕಲಿತು ಪಡೆದ ಪದವಿ ಅವರಿಗಿರಲಿಲ್ಲ. ಆದರೂ ಅವರ ‘ಕರ್ನಾಟಕ ಸಂಸ್ಕೃತಿಯ ಪೂರ್ವಪೀಠಿಕೆ’ಗೆ 1970ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಸಂದಿತು, 1981ರ ಮಡಿಕೇರಿ ಸಾಹಿತ್ಯ ಸಮ್ಮೇಳನಕ್ಕೆ ಅವರೇ ಅಧ್ಯಕ್ಷರಾದರು. 1991ರಲ್ಲಿ ಅವರು ಕಾಲವಾದರು. ನಮ್ಮಂತಹ ಶಾಲಾ ಶಿಕ್ಷಕರಿಗೆ ಈ ಬಾಳು ಹೆಮ್ಮೆಯ ವಿಷಯವೆಂಬುದರಲ್ಲಿ ಸಂದೇಹವಿಲ್ಲ. ಆದರೆ ಹೆಮ್ಮೆಯೇ ವಿಮರ್ಶೆಯಾಗಲಾರದು.

ಅವರ ವಾದವೇನು? ‘ಕನ್ನಡ’ವೆಂಬ ಹೆಸರನ್ನು ಕೆಲವರು ಕರಿಯ ಮಣ್ಣಿನ ನಾಡೆಂದೂ ಕೆಲವರು ಕಂಪಿನ ನಾಡೆಂದೂ ಬಿಡಿಸುತ್ತಿದ್ದಾಗ, ಶಂಬಾ ಅವರು ಅದರ ಮೊದಲ ಪದದಲ್ಲಿ ಪ್ರಾಚೀನ ಜನಾಂಗವೊಂದರ ಹೆಸರನ್ನು ಕಂಡರು. 1937ರ ‘ಕಂನುಡಿಯ ಹುಟ್ಟು’ ಈ ದಾರಿಯಲ್ಲಿ ನಡೆದ ಗ್ರಂಥ. 1947ರ ‘ಎಡೆಗಳು ಹೇಳುವ ಕಂನಾಡ ಕಥೆ’ಯಲ್ಲಿ ಊರುಗಳ ಹೆಸರುಗಳೇ ಸಾಕ್ಷಿಗಳಾಗಿ ಬಂದು ನಿಂತವು. ಕಾವೇರಿಯಿಂದ ಗೋದಾವರಿಯವರೆಗೆ ಕನ್ನಡ ನಾಡಿತ್ತೆಂದು ‘ಕವಿರಾಜಮಾರ್ಗ’ ಹೇಳುವುದನ್ನು ವಾಚಕರು ಬಲ್ಲರು. ಆ ಮಾತು ಬರಿಯ ಕವಿವಾಣಿಯಲ್ಲ, ಇಂದು ಮರಾಠಿಯಾಡುವ ನೆಲದ ತಳದಲ್ಲಿಯೂ ಕನ್ನಡದ ಪದರವೊಂದಿದೆ ಎಂದು ತೋರಿಸಲು ಅವರು ಜೀವಮಾನವನ್ನೇ ಸವೆಸಿದರು.

ಆಕ್ಷೇಪಗಳೂ ಅಲ್ಪವಲ್ಲ. ಧ್ವನಿಸಾಮ್ಯವನ್ನೇ ನೆಚ್ಚಿ ಪದಗಳನ್ನು ಬಿಡಿಸುವುದು ಭಾಷಾಶಾಸ್ತ್ರದ ನಿಯಮಕ್ಕೆ ಒಗ್ಗದೆಂಬುದು ಮೊದಲನೆಯದು. ಅವರ ಬರವಣಿಗೆ ತಮ್ಮದೇ ಪರಿಭಾಷೆಯಿಂದ ಬಿಗಿದು, ಸಾಮಾನ್ಯ ವಾಚಕನನ್ನು ಹೊಸ್ತಿಲಲ್ಲಿಯೇ ನಿಲ್ಲಿಸುತ್ತದೆಂಬುದು ಎರಡನೆಯದು. ಎರಡರಲ್ಲಿಯೂ ಸತ್ಯಾಂಶವಿದೆಯೆಂದೇ ನಮ್ಮ ಅಭಿಪ್ರಾಯ.

ಮೊದಲನೆಯ ಆಕ್ಷೇಪದ ತೂಕವನ್ನು ನಮ್ಮ ನೆಲದಲ್ಲಿಯೇ ಪರೀಕ್ಷಿಸಬಹುದು. ಗದ್ವಾಲದ ಬಳಿ ಮಲ್ದಕಲ್ ಎಂಬ ಊರಿದೆ. ಕೊನೆಯ ‘ಕಲ್’ ಕೇಳಿದೊಡನೆ ಕನ್ನಡಿಗನ ಕಿವಿ ನಿಮಿರುತ್ತದೆ. ತೆಲುಗಿನಲ್ಲಿ ಕಲ್ಲಿಗೆ ‘ರಾಯಿ’ ಎನ್ನುವರಲ್ಲವೇ? ಆದರೆ ಕಾಕತೀಯರ ರಾಜಧಾನಿಯಾದ ಓರುಗಲ್ಲಿನಲ್ಲಿಯೂ ಕಲ್ಲೇ ಇದೆ! ಊಟ್ಕೂರು, ಗುಡೇಬಲ್ಲೂರುಗಳ ‘ಊರು’ ಎರಡೂ ನುಡಿಗಳ ಸೊತ್ತು. ‘ಪಲ್ಲಿ’ ಎಂದು ಮುಗಿಯುವ ಹೆಸರೆಲ್ಲ ತೆಲುಗೇ ಎನ್ನೋಣವೆಂದರೆ ಅದೂ ನಿಲ್ಲದು. ಹಳಗನ್ನಡದ ಪಕಾರವು ಸುಮಾರು ಹತ್ತನೆಯ ಶತಮಾನದಿಂದೀಚೆಗೆ ಕ್ರಮೇಣ ಹಕಾರವಾಗಿ ‘ಪಳ್ಳಿ’ಯು ‘ಹಳ್ಳಿ’ಯಾಯಿತು, ಅದಕ್ಕೂ ಮೊದಲಿನ ಕನ್ನಡ ಊರೊಂದು ತೆಲುಗರ ಬಾಯಲ್ಲಿ ‘ಪಲ್ಲಿ’ಯಾಗಿಯೇ ಉಳಿದಿರಬಹುದು. ಶಾಸನವಿಲ್ಲದೆ, ಹಳೆಯ ದಾಖಲೆಯ ರೂಪವಿಲ್ಲದೆ, ಬರಿಯ ಹೆಸರಿನಿಂದ ತೀರ್ಪು ಕೊಡುವುದು ಸಾಹಸವೇ ಸರಿ.

ಈ ಎಚ್ಚರ ನಮಗೆ ಬೇಕಾಗಿರುವುದೇಕೆಂದರೆ, ಗಡಿಯಲ್ಲಿರುವವರು ಶಂಬಾ ಅವರ ಗ್ರಂಥಗಳನ್ನು ಜಮೀನಿನ ಪಹಣಿಯಂತೆ ಹಿಡಿದು ಓಡಾಡುವ ಆಸೆಗೆ ಬೇಗ ಒಳಗಾಗುತ್ತಾರೆ. ಗದ್ವಾಲ, ಅಲಂಪುರ ತಾಲ್ಲೂಕುಗಳು 1956ರ ನವೆಂಬರ್ 1ರವರೆಗೆ ರಾಯಚೂರು ಜಿಲ್ಲೆಯಲ್ಲಿದ್ದವು. ಅಂದು ಅವು ಮೆಹಬೂಬನಗರಕ್ಕೆ ಸೇರಿದವು. 2016ರಲ್ಲಿ ಗದ್ವಾಲವೂ 2019ರಲ್ಲಿ ನಾರಾಯಣಪೇಟೆಯೂ ಪ್ರತ್ಯೇಕ ಜಿಲ್ಲಾ ಕೇಂದ್ರಗಳಾದವು. ಮನೆಯಲ್ಲಿ ಕನ್ನಡ, ಪೇಟೆಯಲ್ಲಿ ತೆಲುಗು, ನೆರೆಯವರೊಡನೆ ಉರ್ದು ಆಡುವ ನಮ್ಮ ಮಕ್ಕಳಿಗೆ, ಸಾವಿರ ವರ್ಷಗಳ ಹಿಂದೆ ಈ ಊರು ಯಾರದಾಗಿತ್ತೆಂಬ ಜಗಳದಿಂದ ಒಂದು ಪಠ್ಯಪುಸ್ತಕವೂ ದೊರೆಯದು, ಒಬ್ಬ ಶಿಕ್ಷಕನೂ ನೇಮಕವಾಗನು. ಕನ್ನಡ ಶಾಲೆಗೆ ಆಧಾರ ಇಂದು ಕನ್ನಡವಾಡುವ ಮಗು, ಪುರಾತನ ಜನಾಂಗವಲ್ಲ.

ಹಾಗಾದರೆ ಶಂಬಾ ಅವರಿಂದ ನಮಗೆ ಉಳಿಯುವುದೇನು? ನಮ್ಮ ದೃಷ್ಟಿಯಲ್ಲಿ ಎರಡು. ಒಂದು, ರಾಜರ ಬಿರುದಾವಳಿಯನ್ನು ಬದಿಗಿಟ್ಟು ಕುರುಬರ ಹಟ್ಟಿ, ಹಳ್ಳಿಯ ದೇವರು, ಊರಿನ ಹೆಸರುಗಳನ್ನು ಇತಿಹಾಸದ ಆಕರಗಳೆಂದು ಎಣಿಸಿದ ಧೈರ್ಯ. 1960ರ ‘ಹಾಲುಮತ ದರ್ಶನ’ವು ಪಶುಪಾಲಕರ ಬಾಳಿಗೆ ಈ ಗೌರವವನ್ನೇ ಸಲ್ಲಿಸಿತು. ಅವರ ಉತ್ತರ ತಪ್ಪಿದ ಕಡೆಯಲ್ಲಿಯೂ ಪ್ರಶ್ನೆ ಸರಿಯಾಗಿತ್ತು.

ಎರಡನೆಯದು ಇನ್ನೂ ದೊಡ್ಡದು. ಆದರೆ ಅದನ್ನು ಎತ್ತಿ ಹೇಳುವವರು ಕಡಿಮೆ. ಮರಾಠಿ ಸಂಸ್ಕೃತಿಯ ಮೂಲದ ಬಗೆಗೆ ತಮಗೆ ಕಂಡುದನ್ನು ಅವರು ಕನ್ನಡಿಗರ ಚಪ್ಪಾಳೆಗಾಗಿ ಕನ್ನಡದಲ್ಲಷ್ಟೇ ಹೇಳಿ ಮುಗಿಸಲಿಲ್ಲ. ‘ಮರ್‍ಹಾಟೀ ಸಂಸ್ಕೃತಿ: ಕಾಹೀ ಸಮಸ್ಯಾ’ ಎಂಬ ಗ್ರಂಥವನ್ನು 1952ರಲ್ಲಿ ಮರಾಠಿಯಲ್ಲಿಯೇ ಬರೆದರು. ಒಪ್ಪದವನ ಮನೆಗೆ ಹೋಗಿ, ಅವನ ಮಾತಿನಲ್ಲಿಯೇ ಅವನೊಡನೆ ವಾದಿಸುವುದಕ್ಕೆ ನೆರೆಯವನಲ್ಲಿ ನಂಬಿಕೆ ಬೇಕು. ನೆರೆಯವನ ಭಾಷೆಯಲ್ಲಿ ಪ್ರಭುತ್ವವೂ ಬೇಕು.

ಈ ಪ್ರಭುತ್ವ ಗಡಿನಾಡಿನ ನಮಗೆ ಹುಟ್ಟಿನಿಂದಲೇ ದೊರೆತಿದೆ. ಭೀಮೆಯು ಕೃಷ್ಣೆಯನ್ನು ಕೂಡುವ ಈ ನೆಲದ ಕನ್ನಡದ ಕಥೆಯನ್ನು, ಇಲ್ಲಿಯ ಕನ್ನಡ ಶಾಲೆಗಳ ಸ್ಥಿತಿಗತಿಯನ್ನು ತೆಲುಗಿನಲ್ಲಿ ಬರೆದು ತೆಲುಗು ವಾಚಕರ ಮುಂದಿಡುವ ಕೆಲಸ ಇನ್ನೂ ಬಹಳಷ್ಟು ಉಳಿದಿದೆ. ಉಪಾಧ್ಯಾಯ ಬಂಧುಗಳು ಅದನ್ನು ಕೈಗೊಳ್ಳಲಿ. ವಿದ್ಯಾರ್ಥಿಗಳೂ ತಮ್ಮ ಊರಿನ ಹೊಲ, ಹಳ್ಳ, ಓಣಿಗಳ ಹೆಸರುಗಳನ್ನು ಹಿರಿಯರಿಂದ ಕೇಳಿ, ಅವರು ಉಚ್ಚರಿಸುವಂತೆಯೇ ಬರೆದಿಡಲಿ. ತೆಲುಗಿನದು ತೆಲುಗೆಂದು, ಉರ್ದುವಿನದು ಉರ್ದುವೆಂದು, ತಿಳಿಯದುದನ್ನು ತಿಳಿಯದೆಂದೇ ಗುರುತಿಸಲಿ. ಹಿರಿಯರೊಡನೆ ಆ ಹೆಸರುಗಳೂ ಮರೆಯಾಗುತ್ತಿರುವುದರಿಂದ ಈ ಕೆಲಸಕ್ಕೆ ತಡವಾಗಬಾರದು.