ವಿಜ್ಞಾನ ಕಥೆ ಓದುವುದು ಹೇಗೆ? ನಾರ್ಳೀಕರರಿಂದ ಶುರುಮಾಡಿ

ವಿಜ್ಞಾನ ಕಥೆಗಳ ರುಚಿ ಹತ್ತಿಸಿಕೊಳ್ಳಬೇಕೆಂದರೆ ಪುಣೆಯ ಜಯಂತ ನಾರ್ಳೀಕರರಿಂದ (1938–2025) ಶುರುಮಾಡಿ. ಫ್ರೆಡ್ ಹಾಯ್ಲ್ ಜೊತೆ ಗುರುತ್ವ ಸಿದ್ಧಾಂತ ರೂಪಿಸಿದ, ಪುಣೆಯಲ್ಲಿ ಅಯೂಕಾ ಖಗೋಳ ಕೇಂದ್ರವನ್ನು ಕಟ್ಟಿ ಬೆಳೆಸಿದ ಈ ವಿಜ್ಞಾನಿ ಮರಾಠಿಯಲ್ಲಿ ಕಥೆ ಬರೆದರು. 1974ರಲ್ಲಿ ಮರಾಠಿ ವಿಜ್ಞಾನ ಪರಿಷತ್ತಿನ ಸ್ಪರ್ಧೆಗೆ ಮೊದಲ ಕಥೆಯನ್ನು ಬೇರೆ ಹೆಸರಿನಲ್ಲಿ ಕಳಿಸಿ ಬಹುಮಾನ ಗೆದ್ದರು.

ಮೊದಲ ಸಲ ಕಥೆಯನ್ನು ಕಥೆಯಾಗಿಯೇ ಓದಿ. ಎರಡನೇ ಓದಿನಲ್ಲಿ ಮೂರು ಪದರಗಳನ್ನು ಬಿಡಿಸಿ: ಯಾವುದು ಪ್ರಯೋಗದಿಂದ ಸಿದ್ಧವಾದದ್ದು, ಯಾವುದು ವಿಜ್ಞಾನಿಗಳಲ್ಲಿ ಇನ್ನೂ ಚರ್ಚೆಯಲ್ಲಿರುವುದು, ಯಾವುದು ಲೇಖಕರ ಕಲ್ಪನೆ.

ಅವರ ‘ದಿ ಅಡ್ವೆಂಚರ್’ ಕಥೆಯನ್ನೇ ತೆಗೆದುಕೊಳ್ಳಿ. ಪುಣೆಯ ಇತಿಹಾಸ ಪ್ರಾಧ್ಯಾಪಕ ಗಂಗಾಧರಪಂತರು ಮರಾಠರು ಪಾಣಿಪತ್ ಯುದ್ಧ ಗೆದ್ದ ಇನ್ನೊಂದು ಜಗತ್ತಿಗೆ ಹೋಗಿಬಿಡುತ್ತಾರೆ. 1761ರಲ್ಲಿ ಮರಾಠರ ನಾಯಕ ವಿಶ್ವಾಸರಾಯನನ್ನು ಕೊಂದ ಗುಂಡು ಅಲ್ಲಿ ಕೂದಲೆಳೆಯಲ್ಲಿ ಗುರಿ ತಪ್ಪಿದೆ. ಈಗ ಪದರಗಳನ್ನು ಬಿಡಿಸೋಣ: ಒಂದು ಎಲೆಕ್ಟ್ರಾನ್ ಎಲ್ಲಿ ಹೋಗಿ ಬೀಳುತ್ತದೆಂದು ಖಚಿತವಾಗಿ ಹೇಳಲಾಗದು, ಸಂಭವನೀಯತೆಯನ್ನಷ್ಟೇ ಹೇಳಬಹುದು, ಇದು ಸಿದ್ಧವಾದದ್ದು. ಪ್ರತಿ ಸಾಧ್ಯತೆಗೂ ಒಂದೊಂದು ಜಗತ್ತಿದೆ ಎಂಬುದು ಚರ್ಚೆಯಲ್ಲಿರುವ ವ್ಯಾಖ್ಯಾನ. ಮನುಷ್ಯ ಒಂದರಿಂದ ಇನ್ನೊಂದಕ್ಕೆ ದಾಟುವುದು ಪೂರ್ತಿ ಕಲ್ಪನೆ. ಕಥೆ ಕೇಳುವ ರಿಯಾಯಿತಿ ಅದೊಂದೇ. ಅದನ್ನು ಕೊಟ್ಟರೆ, ಬ್ರಿಟಿಷರ ಕೈಯಲ್ಲೇ ಉಳಿದ ಮುಂಬೈ ತಾನಾಗಿ ನಂಬಿಕೆ ಹುಟ್ಟಿಸುತ್ತದೆ.

ನಾರ್ಳೀಕರರ ಇನ್ನೊಂದು ಕಥೆ, ಬಲಮುರಿ ಗಣಪತಿಯದು, ಓದುವಾಗ ಕೈಯಲ್ಲೊಂದು ಕಾಗದದ ಪಟ್ಟಿ ಇರಲಿ. ಒಂದು ತುದಿಯನ್ನು ಅರ್ಧ ಸುತ್ತು ತಿರುಚಿ ಇನ್ನೊಂದಕ್ಕೆ ಅಂಟಿಸಿದರೆ ಮೋಬಿಯಸ್ ಪಟ್ಟಿ ಸಿದ್ಧ. ಅದರೊಳಗೇ ಚಪ್ಪಟೆಯಾಗಿ ಸಾಗುವ ಎಡಗೈ ಚಿತ್ರ ಒಂದು ಸುತ್ತು ಮುಗಿಸುವಾಗ ಬಲಗೈ ಆಗಿರುತ್ತದೆ. ಮೂರು ಆಯಾಮದ ಜಗತ್ತಿಗೂ ಇಂಥ ತಿರುಚು ಸಿಕ್ಕರೆ? ಎಡಮುರಿ ಗಣಪತಿ ಬಲಮುರಿಯಾಗುತ್ತಾನೆ, ಬಲಗೈ ಕ್ರಿಕೆಟಿಗ ಎಡಗೈಯವನಾಗುತ್ತಾನೆ.

ಇಲ್ಲಿಂದ ಮುಂದಿನ ಕೆಲಸ ಓದುಗನದು: ಕಲ್ಪನೆಯ ಪರಿಣಾಮವನ್ನು ಕೊನೆಯವರೆಗೂ ಬೆನ್ನಟ್ಟಿ. ನಮ್ಮ ಪ್ರೋಟೀನುಗಳ ಅಮೈನೋ ಆಮ್ಲಗಳು ಎಡಗೈ ಜಾತಿಯವು, ಸಕ್ಕರೆಗಳು ಬಲಗೈ ಜಾತಿಯವು. ಪೂರ್ತಿ ಅದಲುಬದಲಾದ ಮನುಷ್ಯ ಹೊಟ್ಟೆ ತುಂಬ ಉಂಡರೂ ಆ ಊಟ ಅವನಿಗೆ ಸರಿಯಾಗಿ ದಕ್ಕದು. ಇಂಥ ಪ್ರಶ್ನೆ ಕೇಳಲು ಕಲಿತರೆ ಓದಿನ ಸುಖ ಇಮ್ಮಡಿಯಾಗುತ್ತದೆ.

ಈ ರೂಢಿಯೊಂದಿಗೆ ಕನ್ನಡದ ರಾಜಶೇಖರ ಭೂಸನೂರಮಠರ ಕಥೆಗಳಿಗೆ ಬನ್ನಿ. ಎಷ್ಟು ಯಂತ್ರ, ಎಷ್ಟು ಗ್ರಹ ಎಂದು ಎಣಿಸಬೇಡಿ. ಲೇಖಕರು ಎಷ್ಟು ರಿಯಾಯಿತಿ ಕೇಳಿದರು, ಅದಕ್ಕೆ ಎಷ್ಟು ನಿಷ್ಠರಾಗಿ ಉಳಿದರು ಎಂಬುದನ್ನು ನೋಡಿ.