ಸುಟ್ಟ ಮರ ಉರುವಲೇ? ಒಂದು ಪುಟದ ಪ್ರಬಂಧವೂ ನಮ್ಮ ಕಾಡೂ

2019ರ ಫೆಬ್ರವರಿ ಕೊನೆಯಲ್ಲಿ ಬಂಡೀಪುರ ಉರಿದದ್ದು ನಿಮಗೆ ನೆನಪಿರಬಹುದು. ರಾಷ್ಟ್ರೀಯ ದೂರಸಂವೇದಿ ಕೇಂದ್ರವು ಉಪಗ್ರಹ ಚಿತ್ರಗಳಿಂದ ಅಂದಾಜು ಮಾಡಿದಂತೆ ಸುಮಾರು 4,400 ಹೆಕ್ಟೇರ್ ಸುಟ್ಟಿತ್ತು. ಕಾಳ್ಗಿಚ್ಚಿನ ನಂತರ ಕೇಳಿಬರುವ ವಾದವೊಂದಿದೆ: ಸತ್ತು ನಿಂತ ಮರಗಳು ಮುಂದಿನ ಬೆಂಕಿಗೆ ಉರುವಲು, ಕಡಿದು ಮಾರಿದರೆ ಬೊಕ್ಕಸಕ್ಕೂ ಲಾಭ, ಕಾಡಿಗೂ ಕ್ಷೇಮ. ರಾಷ್ಟ್ರೀಯ ಉದ್ಯಾನ, ಅಭಯಾರಣ್ಯಗಳಿಂದ ಸತ್ತ, ಗಾಳಿಗೆ ಬಿದ್ದ ಮರಗಳನ್ನು ಸಾಗಿಸಬಾರದೆಂದು ಸರ್ವೋಚ್ಚ ನ್ಯಾಯಾಲಯ 2000ದ ಫೆಬ್ರವರಿ 14ರಂದು ಆದೇಶಿಸಿತು. ಅವುಗಳ ಹೊರಗಿನ ಕಾಡು, ನೆಡುತೋಪುಗಳಲ್ಲಿ ಪ್ರಶ್ನೆ ಹಾಗೆಯೇ ಉಳಿದಿದೆ.

ಈ ಚರ್ಚೆಯಲ್ಲಿ ಮತ್ತೆ ಮತ್ತೆ ಉಲ್ಲೇಖಗೊಳ್ಳುವುದು ಡೇನಿಯಲ್ ಡೊನಾಟೊ ಮತ್ತು ಸಂಗಡಿಗರು 2006ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ಪ್ರಕಟಿಸಿದ ಒಂದೇ ಪುಟದ ಪ್ರಬಂಧ. ಅಮೆರಿಕದ ಒರೆಗಾನ್‌ನಲ್ಲಿ 2002ರ ‘ಬಿಸ್ಕಿಟ್’ ಕಾಳ್ಗಿಚ್ಚು ಸುಮಾರು 2 ಲಕ್ಷ ಹೆಕ್ಟೇರ್ ಸುಟ್ಟಿತ್ತು. ಅಲ್ಲಿ ಸತ್ತ ಮರ ಕಡಿದ ಮೇಲೆ ತಾನಾಗಿ ಹುಟ್ಟಿದ್ದ ಸಸಿಗಳು ಹೆಕ್ಟೇರಿಗೆ 767ರಿಂದ 224ಕ್ಕೆ ಇಳಿದಿದ್ದವು, ಅಂದರೆ ಶೇ. 71ರಷ್ಟು ಕಡಿಮೆ. ನೆಲದ ಮೇಲಿನ ಉರುವಲು ಹೆಚ್ಚಿತ್ತು. ಡೊನಾಟೊ ಆಗಿನ್ನೂ ವಿದ್ಯಾರ್ಥಿ. ಅವರ ವಿಶ್ವವಿದ್ಯಾಲಯದ ಕೆಲವು ಪ್ರಾಧ್ಯಾಪಕರೇ ಮುದ್ರಣ ತಡೆಹಿಡಿಯಲು ಪತ್ರಿಕೆಯನ್ನು ಕೇಳಿದರು. ವಿಜ್ಞಾನದಲ್ಲಿ ಇದು ಶೋಭೆಯಲ್ಲ, ಉತ್ತರ ಬರೆಯಬಹುದಿತ್ತು.

ಉರುವಲು ಹೆಚ್ಚಿದ್ದು ಏಕೆ? ಲೆಕ್ಕ ಮಾಡಿ ನೋಡಿ. ಸಿಲಿಂಡರಿನ ವಕ್ರಮೇಲ್ಮೈಯನ್ನು ಘನಫಲದಿಂದ ಭಾಗಿಸಿದರೆ 4/ವ್ಯಾಸ. 40 ಸೆಂ.ಮೀ. ದಪ್ಪದ ಕಾಂಡಕ್ಕೆ ಮೀಟರಿಗೆ 10, 4 ಮಿ.ಮೀ. ಕಡ್ಡಿಗೆ 1000. ಅಷ್ಟೇ ಮರದಲ್ಲಿ ಗಾಳಿಗೆ, ಶಾಖಕ್ಕೆ ಒಡ್ಡಿದ ಮೇಲ್ಮೈ ನೂರು ಪಟ್ಟು! ತೇವ ಹೊರಬರುವುದು ವಿಸರಣೆಯಿಂದಾದ್ದರಿಂದ ಒಣಗುವ ಕಾಲ ಸ್ಥೂಲವಾಗಿ ವ್ಯಾಸದ ವರ್ಗಕ್ಕೆ ಅನುಪಾತದಲ್ಲಿರುತ್ತದೆ. ಬೆಂಕಿ ಹಬ್ಬುವುದು ತರಗು, ಹುಲ್ಲು, ಕಡ್ಡಿಗಳಲ್ಲಿ. ಲಾರಿಯೇರುವುದು ಕಾಂಡ, ನೆಲದಲ್ಲಿ ಉಳಿಯುವುದು ರೆಂಬೆ.

ಆದರೆ ಪ್ರಬಂಧದ ಶೀರ್ಷಿಕೆ ದತ್ತಾಂಶಕ್ಕಿಂತ ದೊಡ್ಡದು. ಅಳೆದದ್ದು ಉರುವಲನ್ನು, ಹೇಳಿದ್ದು ಬೆಂಕಿಯ ಅಪಾಯವನ್ನು. ಅದೂ ಒಂದೆರಡು ವರ್ಷದ ಅಳತೆಯಿಂದ. ನಿಂತ ಮರಗಳೂ ಮುಂದೆ ಬೀಳುತ್ತವಲ್ಲ? 2007ರಲ್ಲಿ ಥಾಂಪ್ಸನ್ ಮತ್ತಿತರರು ಈ ಕೊರತೆಯನ್ನು ಸ್ವಲ್ಪ ತುಂಬಿದರು: 1987ರ ಬೆಂಕಿಯ ನಂತರ ಕಡಿದು ಸಸಿ ನೆಟ್ಟ ಜಾಗಗಳು 2002ರಲ್ಲಿ ಇನ್ನೂ ತೀವ್ರವಾಗಿ ಸುಟ್ಟಿದ್ದವು. ಅಲ್ಲಿಯೂ ಕಡಿತದ ಪರಿಣಾಮ ಎಷ್ಟು, ಒತ್ತೊತ್ತಾಗಿ ನೆಟ್ಟದ್ದರ ಪರಿಣಾಮ ಎಷ್ಟು ಎಂದು ಬೇರ್ಪಡಿಸಲಾಗದು.

ಶೇ. 71 ಎಂಬ ಅಂಕಿಯನ್ನು ನಮ್ಮಲ್ಲಿ ಉದ್ಧರಿಸುವುದು ಇನ್ನೂ ತಪ್ಪು. ಡಗ್ಲಾಸ್ ಫರ್‌ನಂಥ ಮರಗಳು ಬೀಜದಿಂದಲೇ ಮರುಹುಟ್ಟಬೇಕು. ಬಂಡೀಪುರದ ತೇಗ, ದಿಂಡಿಗಗಳು ಸುಟ್ಟರೂ ಬುಡದಿಂದ ಚಿಗುರುತ್ತವೆ. ಮಾರ್ಚಿನಲ್ಲಿ ಕರಿಕಟ್ಟಿ ನಿಂತದ್ದನ್ನು ಸತ್ತಿತೆಂದು ಗುರುತು ಹಾಕುವವರು ಮಳೆಗಾಲದವರೆಗೆ ಕಾಯಬೇಡವೇ? ನಮ್ಮ ಸಣ್ಣ ಉರುವಲಿನಲ್ಲಿ ಲಂಟಾನದ ಪಾಲೂ ದೊಡ್ಡದು. ಸತ್ತ ಮರ ಕಡಿದರೆ ಬಿಸಿಲು ಬಿದ್ದು ಅದಕ್ಕೇ ಅನುಕೂಲ.

ಕೊಪ್ಪ ತಾಲ್ಲೂಕಿನ ಭಂಡಿಗಡಿಯಂಥ ಊರುಗಳ ಅಡಿಕೆ ಬೆಳೆಗಾರರು ಬೇಸಿಗೆಯಲ್ಲಿ ಸೊಪ್ಪಿನಬೆಟ್ಟದಿಂದ ದರಗು ಗುಡಿಸಿ ಕೊಟ್ಟಿಗೆಗೆ ಹೊರುತ್ತಾರೆ. ಅವರು ತೆಗೆಯುವುದು ಬೇಗ ಹೊತ್ತುವ ಉರುವಲನ್ನೇ! (ಮಣ್ಣಿಗಾಗುವ ನಷ್ಟ ಬೇರೆ ಲೆಕ್ಕ.)

ಅಧ್ಯಾಪಕರೇ, ನಿಮ್ಮ ಬಳಿ ಸುಟ್ಟ ನೆಡುತೋಪೊಂದರಲ್ಲಿ ಕಡಿತ ನಡೆಯುವುದಿದ್ದರೆ ಅರಣ್ಯ ಇಲಾಖೆಯ ಅನುಮತಿ ಪಡೆದು ವಿದ್ಯಾರ್ಥಿಗಳೊಡನೆ 10 ಮೀಟರ್ ಚೌಕಗಳನ್ನು ಗುರುತಿಸಿ. ಕೆಲವು ಕಡಿಯುವಲ್ಲಿ, ಕೆಲವು ಹಾಗೆಯೇ ಬಿಡುವಲ್ಲಿ. ಬೆರಳಿಗಿಂತ ಸಣ್ಣ ಕಡ್ಡಿಗಳನ್ನು ಕಡಿತದ ಮೊದಲೂ ನಂತರವೂ ತೂಗಿ. ಮಳೆ ಬಿದ್ದ ಮೇಲೆ ಬುಡಚಿಗುರುಗಳನ್ನು ಎಣಿಸಿ, ಮುಂದಿನ ಮೂರು ವರ್ಷವೂ ಎಣಿಸಿ.