ರಾಜ್‌ಕುಮಾರ್‌ಗಿಂತ ಮೊದಲು ಬರುತ್ತಿದ್ದ ಚಿತ್ರ

ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣದ ಕಡೆ ಟೆಂಟ್ ಸಿನಿಮಾಗಳಲ್ಲಿ ರಾಜ್‌ಕುಮಾರ್ ಬರುವ ಮೊದಲು ಸರ್ಕಾರ ಬರುತ್ತಿತ್ತು. 1948ರಲ್ಲಿ ಶುರುವಾದ ಫಿಲ್ಮ್ಸ್ ಡಿವಿಷನ್ನಿನ ಸಾಕ್ಷ್ಯಚಿತ್ರ ತೋರಿಸುವುದು ಆಗ ಕಡ್ಡಾಯವಾಗಿತ್ತು. ಹಲವರಿಗೆ ಅದು ಬೀಡಿ ಸೇದಿ ಬರುವ ಹೊತ್ತು. ನನ್ನ ಮೆಚ್ಚುಗೆ ಆ ಕಪ್ಪುಬಿಳುಪು ರೀಲಿಗೇ. ಅಣೆಕಟ್ಟು, ಉಕ್ಕು, ಕಾರ್ಖಾನೆ. ಯಂತ್ರದ ಮುಂದೆ ನಿಂತ ಕೈಗಳನ್ನು ಕ್ಯಾಮೆರಾ ಅವಸರವಿಲ್ಲದೆ ನೋಡುತ್ತಿತ್ತು. ನಿರೂಪಕನ ದನಿ ಮಾತ್ರ ಮೇಷ್ಟರದು, ಪ್ರಶ್ನೆಗೆ ಜಾಗವಿಲ್ಲ.

ಪ್ರಶ್ನೆಗಳಂತೂ ಇದ್ದವು. ಕಾರ್ಖಾನೆಯಿಂದ ಬರುವ ಕಾರು ಎಷ್ಟು ನಮ್ಮದು? ನಮ್ಮದೆಂದುಕೊಂಡ ಅಂಬಾಸಿಡರ್ ಇಂಗ್ಲೆಂಡಿನ ಮಾರಿಸ್ ಆಕ್ಸ್‌ಫರ್ಡ್; ಪ್ರೀಮಿಯರ್ ಕಂಪನಿಯ ಕಾರು ಇಟಲಿಯ ಫಿಯೆಟ್. ಬಿಡಿಭಾಗ ತರಿಸಿ ಜೋಡಿಸುವುದಷ್ಟೇ ಸಾಲದು, ಇಲ್ಲೇ ತಯಾರಿಸಬೇಕು ಎಂದು ಸರ್ಕಾರ 1953ರಲ್ಲಿ ಪಟ್ಟು ಹಿಡಿದಾಗ ಜನರಲ್ ಮೋಟಾರ್ಸ್, ಫೋರ್ಡ್ ಗಂಟುಮೂಟೆ ಕಟ್ಟಿದವು.

ಇಲ್ಲೇ ತಯಾರಿಸಬೇಕೆಂಬ ಈ ಹಠಕ್ಕೆ ನಮ್ಮದೇ ಒಂದು ಪೀಠಿಕೆಯಿದೆ. 1930ರ ದಶಕದಲ್ಲೇ ವಿಶ್ವೇಶ್ವರಯ್ಯನವರು ಯುರೋಪು, ಅಮೆರಿಕದ ಕಾರ್ಖಾನೆ ಸುತ್ತಿ ಮೋಟಾರು ಉದ್ಯಮದ ಯೋಜನೆ ಬರೆದರು. ಉದ್ಯಮಿ ವಾಲ್‌ಚಂದ್ ಹೀರಾಚಂದ್ ಜೊತೆಗೂಡಿದರು, ಬೆಂಗಳೂರಿನಲ್ಲಿ ಕಾರ್ಖಾನೆ ಆಗಬೇಕಿತ್ತು. ಬ್ರಿಟಿಷ್ ಸರ್ಕಾರ ಒತ್ತಾಸೆ ಕೊಡಲಿಲ್ಲ. ವಾಲ್‌ಚಂದರ ಪ್ರೀಮಿಯರ್ ಕೊನೆಗೆ ಮುಂಬಯಿಯ ಕುರ್ಲಾದಲ್ಲಿ ನೆಲೆಯೂರಿತು. ಈ ಕತೆಯನ್ನು ಯಾರಾದರೂ ಆ ರೀಲುಗಳ ತಾಳ್ಮೆಯಲ್ಲೇ, ಮೇಷ್ಟರ ದನಿ ಬಿಟ್ಟು, ಚಿತ್ರವಾಗಿ ತೆಗೆಯಲಿ. ಹಾಸನದಲ್ಲಿ ಮೊದಲ ಟಿಕೆಟ್ ನನ್ನದು.